ಶಾಂತವೇರಿ ಗೋಪಾಲಗೌಡ

ಶಾಂತವೇರಿ ಗೋಪಾಲಗೌಡ (14 ಮಾರ್ಚ್ 1923 – 9 ಜೂನ್ 1972) ಮೈಸೂರು ರಾಜ್ಯ ವಿಧಾನಸಭೆಗೆ ಮೂರು ಸಲ ಆಯ್ಕೆಯಾದ ಸಮಾಜವಾದಿ ನಾಯಕ. ಮಲೆನಾಡಿನ ಗೇಣಿದಾರರ ಹೋರಾಟದ ಮುಂದಾಳು. 1952ರಲ್ಲಿ ಸಾಗರ–ಹೊಸನಗರ ಕ್ಷೇತ್ರದಿಂದಲೂ 1962 ಮತ್ತು 1967ರಲ್ಲಿ ತೀರ್ಥಹಳ್ಳಿಯಿಂದಲೂ ಗೆದ್ದರು. ಒಮ್ಮೆಯೂ ಮಂತ್ರಿಯಾಗಲಿಲ್ಲ, ಆಡಳಿತ ಪಕ್ಷದ ಸಾಲಿನಲ್ಲಿ ಒಂದು ದಿನವೂ ಕೂರಲಿಲ್ಲ. ಹಾಗಿದ್ದೂ ಕರ್ನಾಟಕದ ಭೂಸುಧಾರಣೆ, ರಾಜ್ಯದ ಹೆಸರು, ಆಡಳಿತದಲ್ಲಿ ಕನ್ನಡ, ಎಪ್ಪತ್ತರ ದಶಕದ ಸಾಹಿತ್ಯ ಮತ್ತು ಎಂಬತ್ತರ ದಶಕದ ರೈತ ಚಳವಳಿ, ಈ ಯಾವುದರ ಚರಿತ್ರೆಯನ್ನೂ ಅವರನ್ನು ಬಿಟ್ಟು ಬರೆಯಲಾಗದು. ಅಧಿಕಾರವಿಲ್ಲದ ಶಾಸಕನೊಬ್ಬ ಏನೇನು ಮಾಡಬಲ್ಲ ಎಂಬುದಕ್ಕೆ ಕನ್ನಡನಾಡಿನಲ್ಲಿ ಅವರಷ್ಟು ಸ್ಪಷ್ಟವಾದ ಉದಾಹರಣೆ ಇನ್ನೊಂದಿಲ್ಲ.

ಹುಟ್ಟು, ಬೆಳವಣಿಗೆ

ಶಿವಮೊಗ್ಗ ಜಿಲ್ಲೆಯ ತೀರ್ಥಹಳ್ಳಿ ತಾಲ್ಲೂಕಿನ ಆರಗ ಅವರ ಊರು. ವಿಜಯನಗರದ ಕಾಲದಲ್ಲಿ ಪ್ರಾಂತ್ಯವೊಂದರ ಕೇಂದ್ರವಾಗಿದ್ದ ಆರಗ, ಅವರು ಹುಟ್ಟುವ ಹೊತ್ತಿಗೆ ಗದ್ದೆ, ಅಡಕೆ ತೋಟಗಳ ನಡುವಿನ ಸಣ್ಣ ಹಳ್ಳಿಯಾಗಿತ್ತು. ಆರಗದ ಆಸುಪಾಸಿನಲ್ಲೇ ಇರುವ ಶಾಂತವೇರಿಯ ಹೆಸರು ಅವರ ಹೆಸರಿನ ಮುಂದೆ ಸೇರಿಕೊಂಡು ಈಗ ನಾಡಿಗೆಲ್ಲ ಪರಿಚಿತ. ಮನೆತನ ಸಾಧಾರಣ ಸ್ಥಿತಿಯದು. ಜಮೀನಿನ ಬಲವಾಗಲಿ, ಮಠ–ಮನೆತನಗಳ ಬೆಂಬಲವಾಗಲಿ ಬೆನ್ನಿಗಿರಲಿಲ್ಲ.

1942ರ ಕ್ವಿಟ್ ಇಂಡಿಯಾ ಚಳವಳಿ ಶಿವಮೊಗ್ಗ ಜಿಲ್ಲೆಯಲ್ಲಿ ಹೇಗೆ ಉರಿಯಿತೆಂಬುದಕ್ಕೆ ಶಿಕಾರಿಪುರ ತಾಲ್ಲೂಕಿನ ಈಸೂರು ಸಾಕ್ಷಿ. ಅಲ್ಲಿಯ ರೈತರು ತಮ್ಮ ಊರು ಸ್ವತಂತ್ರವೆಂದು ಸಾರಿದರು. ಮರುವರ್ಷ ಐವರು ಗಲ್ಲಿಗೇರಿದರು. ಅದೇ ಕಾಲದಲ್ಲಿ ವಿದ್ಯಾರ್ಥಿಯಾಗಿದ್ದ ಗೋಪಾಲಗೌಡರು ಚಳವಳಿಗೆ ಧುಮುಕಿ ಜೈಲು ಸೇರಿದರು. ಸ್ವಾತಂತ್ರ್ಯ ಬಂದ ಮೇಲೆ ಜೈಲಿಗೆ ಹೋಗಿಬಂದ ಬಹುಪಾಲು ಜನ ಕಾಂಗ್ರೆಸ್ಸಿನಲ್ಲೇ ಉಳಿದರು. ಗೋಪಾಲಗೌಡರು ಜಯಪ್ರಕಾಶ ನಾರಾಯಣ ಮತ್ತು ರಾಮಮನೋಹರ ಲೋಹಿಯಾರ ಸಮಾಜವಾದಿ ಪಕ್ಷವನ್ನು ಆರಿಸಿಕೊಂಡರು. ಮುಂದೆ ಜೆಪಿ ಮತ್ತು ಲೋಹಿಯಾ ಬೇರೆ ಬೇರೆ ದಾರಿ ಹಿಡಿದಾಗ, ಪಕ್ಷ ಒಡೆದು, ಕೂಡಿ, ಮತ್ತೆ ಒಡೆದಾಗಲೆಲ್ಲ ಗೋಪಾಲಗೌಡರು ಲೋಹಿಯಾರ ಕಡೆಗೇ ನಿಂತರು.

ಕಾಗೋಡು, 1951

ಅವರ ರಾಜಕೀಯ ಬದುಕು ಅರ್ಥವಾಗಬೇಕಾದರೆ ಸಾಗರ ತಾಲ್ಲೂಕಿನ ಕಾಗೋಡಿನ ಕಣಕ್ಕೆ ಹೋಗಬೇಕು. ಅಲ್ಲಿ ಭೂಮಿ ಒಡೆಯರದು, ದುಡಿಮೆ ದೀವರ ಜನಾಂಗದ ಗೇಣಿದಾರರದು. ಸುಗ್ಗಿ ಮುಗಿದು ಭತ್ತದ ರಾಶಿ ಬಿದ್ದಾಗ ಗೇಣಿ ಅಳೆಯುವುದಕ್ಕೆ ಕೊಳಗ ಬರುತ್ತಿದ್ದದ್ದು ಒಡೆಯರ ಮನೆಯಿಂದ. ಆ ಕೊಳಗ ಸರ್ಕಾರದ ಅಳತೆಗಿಂತ ದೊಡ್ಡದು. ಒಂದೊಂದು ಕೊಳಗದಲ್ಲಿ ಹೆಚ್ಚಾಗಿ ಹೋಗುವುದು ಸೇರಿನ ಲೆಕ್ಕದ ಭತ್ತವೇ ಆದರೂ, ಖಂಡುಗಗಟ್ಟಲೆ ಗೇಣಿ ಅಳೆಯುವ ಹೊತ್ತಿಗೆ ಒಂದು ಸಂಸಾರದ ಮಳೆಗಾಲದ ಅನ್ನ ಕಣದಿಂದಲೇ ಎದ್ದು ಹೋಗುತ್ತಿತ್ತು. ಇದಕ್ಕೆ ಬಿಟ್ಟಿ ದುಡಿಮೆ ಸೇರುತ್ತಿತ್ತು. ಒಡೆಯರೆದುರು ಹೇಗೆ ನಿಲ್ಲಬೇಕು, ಎಲ್ಲಿ ಕೂರಬೇಕು, ಪಂಚೆಯನ್ನು ಎಷ್ಟು ಉದ್ದಕ್ಕೆ ಉಡಬೇಕು ಎಂಬ ಕಟ್ಟುಪಾಡುಗಳೂ ಇದ್ದವು. ರಸೀದಿ ಎಂಬುದಿರಲಿಲ್ಲ. ಒಡೆಯರು ಬಿಡು ಎಂದರೆ ತಲೆಮಾರುಗಳಿಂದ ಉತ್ತ ಗದ್ದೆಯನ್ನು ಬಿಟ್ಟು ಏಳಬೇಕಿತ್ತು.

ಈ ವ್ಯವಸ್ಥೆಯನ್ನು ಮೊದಲು ಪ್ರಶ್ನಿಸಿದವರು ಎಚ್. ಗಣಪತಿಯಪ್ಪ. ದೀವರ ಸಮುದಾಯದಿಂದಲೇ ಬಂದ ಅವರು ಹಳ್ಳಿ ಹಳ್ಳಿ ಸುತ್ತಿ ಸಾಗರ ತಾಲ್ಲೂಕಿನಲ್ಲಿ ರೈತ ಸಂಘ ಕಟ್ಟಿದರು. ಸರ್ಕಾರಿ ಅಳತೆಯಲ್ಲೇ ಗೇಣಿ ಕೊಡುತ್ತೇವೆ ಎಂದು ಹೇಳುವ ಧೈರ್ಯವನ್ನು ಗೇಣಿದಾರರಲ್ಲಿ ತುಂಬಿದರು. ಗೇಣಿದಾರರನ್ನು ಗದ್ದೆಗೆ ಇಳಿಯಗೊಡದಿದ್ದಾಗ 1951ರ ಏಪ್ರಿಲ್‌ನಲ್ಲಿ ಸತ್ಯಾಗ್ರಹ ಆರಂಭವಾಯಿತು. ಅದರ ಕ್ರಮ ಬಹಳ ಸರಳ: ರೈತರು ನೇಗಿಲು ಹೊತ್ತು ತಾವು ಉಳುತ್ತಿದ್ದ ಗದ್ದೆಗೇ ಇಳಿಯುವುದು, ಪೊಲೀಸರು ಹಿಡಿದೊಯ್ಯುವುದು, ಮರುದಿನ ಇನ್ನೊಂದು ತಂಡ ಇಳಿಯುವುದು. ಗೇಣಿದಾರರ ಮೇಲೆ ಏಟು ಬಿತ್ತು, ಮನೆಗಳ ಮೇಲೆ ದಾಳಿಯಾಯಿತು, ಜೈಲು ತುಂಬಿತು.

ಸಮಾಜವಾದಿ ಪಕ್ಷ ಈ ಹೋರಾಟವನ್ನು ತನ್ನದಾಗಿ ಮಾಡಿಕೊಂಡಾಗ ಅದರ ಮುಂಚೂಣಿಗೆ ಬಂದವರು ಗೋಪಾಲಗೌಡರು. ಜೂನ್‌ನಲ್ಲಿ ಲೋಹಿಯಾ ಅವರೇ ಕಾಗೋಡಿಗೆ ಬಂದು ಗದ್ದೆಗಿಳಿದು ಬಂಧನಕ್ಕೊಳಗಾದರು. ಒಂದು ಹಳ್ಳಿಯ ಕೊಳಗದ ಜಗಳ ದೇಶದ ಪತ್ರಿಕೆಗಳ ಸುದ್ದಿಯಾಯಿತು. ಕಾಗೋಡಿನ ಚರಿತ್ರೆ ಹೇಳುವಾಗ ಲೋಹಿಯಾ ಮತ್ತು ಗೋಪಾಲಗೌಡರ ಹೆಸರು ಮುಂದೆ ಬಂದು, ಗಣಪತಿಯಪ್ಪನವರೂ ಮೊದಲ ದಿನ ಗದ್ದೆಗಿಳಿದ ದೀವರ ರೈತರೂ ಹಿಂದೆ ಸರಿಯುವುದು ರೂಢಿಯಾಗಿದೆ. ಇದು ಸರಿಯಲ್ಲ. ಹೋರಾಟ ಹುಟ್ಟಿದ್ದು ಅವರಿಂದ. ಅದನ್ನು ರಾಜ್ಯದ ಪ್ರಶ್ನೆಯಾಗಿ ಬೆಳೆಸಿ, ಮುಂದೆ ವಿಧಾನಸಭೆಯ ಒಳಕ್ಕೆ ಕೊಂಡೊಯ್ದು ಅಲ್ಲಿ ಆರದಂತೆ ಕಾಯ್ದದ್ದು ಗೋಪಾಲಗೌಡರ ಪಾಲು. ಇನ್ನೊಂದು ಸಂಗತಿಯನ್ನೂ ಗಮನಿಸಬೇಕು. ಅವರು ಹುಟ್ಟಿದ್ದು ಒಕ್ಕಲಿಗ ಸಮುದಾಯದಲ್ಲಿ. ಜಾತಿಯೇ ಪಕ್ಷವಾಗಿದ್ದ ಸೀಮೆಯಲ್ಲಿ, ತಮ್ಮದಲ್ಲದ ಸಮುದಾಯದ ಗೇಣಿದಾರರಿಗಾಗಿ ಜೈಲಿಗೆ ಹೋದ ನಾಯಕನನ್ನು ಆ ಜನ ಕೊನೆಯವರೆಗೂ ಮರೆಯಲಿಲ್ಲ.

ಸತ್ಯಾಗ್ರಹದಿಂದ ಕಾಗೋಡಿನ ರೈತರಿಗೆ ತಕ್ಷಣ ಭೂಮಿ ಸಿಗಲಿಲ್ಲ. ಸಿಕ್ಕಿದ್ದು ಮುಂದಿನ ವರ್ಷದ ಚುನಾವಣೆಯಲ್ಲಿ ಒಬ್ಬ ಶಾಸಕ.

ಚುನಾವಣೆಗಳು

1952ರ ಮೊದಲ ಮಹಾಚುನಾವಣೆ ವಯಸ್ಕರೆಲ್ಲರಿಗೂ ಮತ ಕೊಟ್ಟಿತು. ನಿನ್ನೆಯವರೆಗೆ ಒಡೆಯರ ಅಂಗಳದಲ್ಲಿ ಕೈಕಟ್ಟಿ ನಿಲ್ಲುತ್ತಿದ್ದ ಗೇಣಿದಾರನೂ ಒಡೆಯನೂ ಮತಗಟ್ಟೆಯಲ್ಲಿ ಒಂದೇ ಸಾಲಿನಲ್ಲಿ ನಿಂತರು. ಸಾಗರ–ಹೊಸನಗರದಲ್ಲಿ ಗೋಪಾಲಗೌಡರ ಎದುರಾಳಿ ಕಾಂಗ್ರೆಸ್ಸಿನ ಪ್ರಬಲ ನಾಯಕ ಎ.ಆರ್. ಬದರಿನಾರಾಯಣ. ಇನ್ನೂ ಮೂವತ್ತು ತುಂಬದ, ಕೈಯಲ್ಲಿ ಕಾಸಿಲ್ಲದ ಯುವಕ ಗೆದ್ದರು. ‘ಒಂದು ವೋಟು, ಒಂದು ನೋಟು’ ಎಂಬ ಮಾತು ಅವರ ಚುನಾವಣೆಗಳ ಜೊತೆಗೇ ಮಲೆನಾಡಿನಲ್ಲಿ ಉಳಿದುಬಂದಿದೆ. ಮತ ಕೊಡುವವನೇ ಒಂದು ರೂಪಾಯಿಯನ್ನೂ ಕೊಡಬೇಕು. ಅಭ್ಯರ್ಥಿ ಹಂಚುವುದಿಲ್ಲ, ಬೇಡುತ್ತಾನೆ. ಚುನಾವಣೆಯ ಖರ್ಚು ಜನರಿಂದ ಬಂದರೆ ಗೆದ್ದವನು ಗುತ್ತಿಗೆದಾರನಿಗೂ ಸಾಹುಕಾರನಿಗೂ ಋಣಿಯಾಗಬೇಕಿಲ್ಲ. ಇಂದು ಕೋಟಿಗಳಲ್ಲಿ ನಡೆಯುವ ವಿಧಾನಸಭಾ ಚುನಾವಣೆಗಳನ್ನು ನೋಡಿದವರಿಗೆ ಇದು ದಂತಕಥೆಯಂತೆ ಕೇಳಿಸುತ್ತದೆ. ಆದರೆ ಆ ಸೀಮೆಯ ಸಮಾಜವಾದಿಗಳು ಅದೇ ರೀತಿಯಲ್ಲಿ ಮತ್ತೆ ಮತ್ತೆ ಗೆದ್ದು ಬಂದರು.

1957ರಲ್ಲಿ ತೀರ್ಥಹಳ್ಳಿಯಲ್ಲಿ ಸೋಲು. ಎದುರಾಳಿ ಸಾಮಾನ್ಯರಾಗಿರಲಿಲ್ಲ: ಕಡಿದಾಳು ಮಂಜಪ್ಪ, 1956ರಲ್ಲಿ ಏಕೀಕರಣಕ್ಕೆ ಮುಂಚಿನ ಕೆಲವು ವಾರ ಮೈಸೂರಿನ ಮುಖ್ಯಮಂತ್ರಿಯಾಗಿದ್ದವರು, ಕಂದಾಯ ಮಂತ್ರಿಯಾಗಿ ಇನಾಮು ರದ್ದತಿ ಮತ್ತು ಗೇಣಿ ಶಾಸನಗಳಿಗೆ ದುಡಿದವರು, ಸ್ವತಃ ಪ್ರಾಮಾಣಿಕರೆಂದು ಹೆಸರಾದವರು. ಒಂದೇ ತಾಲ್ಲೂಕಿನ ಈ ಇಬ್ಬರು ಭೂಮಿಯ ಪ್ರಶ್ನೆಯನ್ನು ಎರಡು ಕಡೆಯಿಂದ ಹಿಡಿದವರು. ಮಂಜಪ್ಪನವರು ಸರ್ಕಾರದೊಳಗಿದ್ದು ಎಷ್ಟು ಸಾಧ್ಯವೋ ಅಷ್ಟನ್ನು ಶಾಸನವಾಗಿಸಲು ನೋಡಿದರು. ಅಷ್ಟು ಸಾಲದು ಎಂದು ಹೊರಗಿನಿಂದ ಒತ್ತಿದವರು ಗೋಪಾಲಗೌಡರು. 1962ರಲ್ಲಿ ಮತ್ತು 1967ರಲ್ಲಿ ತೀರ್ಥಹಳ್ಳಿ ಗೋಪಾಲಗೌಡರನ್ನು ಆರಿಸಿತು.

ಸದನದಲ್ಲಿ

ವಿರೋಧ ಪಕ್ಷದ ಬಿಡಿ ಶಾಸಕನ ಕೈಯಲ್ಲಿರುವ ಸಲಕರಣೆಗಳು ಕೆಲವೇ. ಪ್ರಶ್ನೋತ್ತರ ವೇಳೆಯಲ್ಲಿ ಮಂತ್ರಿಯಿಂದ ಉತ್ತರ ಹೊರಡಿಸಬಹುದು, ನಿಲುವಳಿ ಸೂಚನೆ ತರಬಹುದು, ರಾಜ್ಯಪಾಲರ ಭಾಷಣದ ಮೇಲಿನ ವಂದನಾ ನಿರ್ಣಯಕ್ಕೆ ತಿದ್ದುಪಡಿ ಸೂಚಿಸಬಹುದು, ಬಜೆಟ್ಟಿನ ಬೇಡಿಕೆಗಳ ಮೇಲೆ ಕಡಿತದ ಸೂಚನೆ ಮಂಡಿಸಬಹುದು. ಮತಕ್ಕೆ ಹಾಕಿದರೆ ಎಲ್ಲದರಲ್ಲೂ ಸೋಲು ಖಚಿತ. ಗೋಪಾಲಗೌಡರು ಗೆದ್ದ ಮೂರು ಸದನಗಳಲ್ಲೂ ಕಾಂಗ್ರೆಸ್ಸಿಗೆ ಬಹುಮತವಿತ್ತು, ಅವರ ಪಕ್ಷದವರು ಬೆರಳೆಣಿಕೆಯಷ್ಟು. ಆದರೂ ಸದನದಲ್ಲಿ ಆಡಿದ ಮಾತು ನಡಾವಳಿಯಲ್ಲಿ ಉಳಿಯುತ್ತದೆ, ಮರುದಿನ ಪತ್ರಿಕೆಯಲ್ಲಿ ಬರುತ್ತದೆ, ಅಧಿಕಾರಿಗೆ ಕಡತ ತೆಗೆಯುವುದು ಅನಿವಾರ್ಯವಾಗುತ್ತದೆ. ಈ ಮಾರ್ಗವನ್ನು ಅವರು ಅರಿತು ಬಳಸಿದರು. ಗೇಣಿದಾರನನ್ನು ಒಕ್ಕಲೆಬ್ಬಿಸಿದ ಪ್ರಕರಣ, ಜಮೀನು ಮಂಜೂರಾಗದೆ ಅಲೆಯುತ್ತಿರುವ ಹರಿಜನ ಕುಟುಂಬ, ಪೊಲೀಸರ ಹೊಡೆತ, ಹಳ್ಳಿ ಶಾಲೆ, ಯಾವುದೂ ಅವರಿಗೆ ಸಣ್ಣದಾಗಿರಲಿಲ್ಲ.

ಅವರ ಸಿಟ್ಟು ಪ್ರಸಿದ್ಧ. ಸದನದಲ್ಲಿ ಅವರು ಕೆರಳಿದ ಪ್ರಸಂಗಗಳ ಸುತ್ತ ಕತೆಗಳೇ ಬೆಳೆದಿವೆ. ಅನೇಕರಿಗೆ ನೆನಪಿರುವುದು ಅದೊಂದೇ. ಇದರಿಂದ ಅವರಿಗೆ ಅನ್ಯಾಯವಾಗಿದೆ. ಅವರ ಭಾಷಣಗಳ ಬಲ ಇದ್ದದ್ದು ವಿವರದಲ್ಲಿ: ಯಾವ ಊರು, ಯಾವ ಗದ್ದೆ, ಎಷ್ಟು ಗೇಣಿ, ಕಾನೂನಿನ ಯಾವ ಕಲಮಿನಡಿ ಯಾರನ್ನು ಎಬ್ಬಿಸಲಾಯಿತು. ಲೋಹಿಯಾವಾದ, ವಚನ, ನವ್ಯಕಾವ್ಯ ಎಲ್ಲವನ್ನೂ ಓದಿಕೊಂಡಿದ್ದ ಅವರು ಮಾತನಾಡುತ್ತಿದ್ದದ್ದು ಮಾತ್ರ ಮಲೆನಾಡಿನ ಕೃಷಿಕನಿಗೆ ಅರ್ಥವಾಗುವ ಕನ್ನಡದಲ್ಲಿ. ಇಂಗ್ಲಿಷ್ ಬಲ್ಲವರಷ್ಟೇ ಆಡಳಿತ ನಡೆಸುವುದಾದರೆ ಪ್ರಜಾಪ್ರಭುತ್ವ ಯಾರದು ಎಂಬುದು ಲೋಹಿಯಾ ದೇಶದ ಮುಂದಿಟ್ಟ ಪ್ರಶ್ನೆ. ಅದನ್ನು ಮೈಸೂರು ವಿಧಾನಸಭೆಯಲ್ಲಿ ಬಿಡದೆ ಎತ್ತಿದವರು ಗೋಪಾಲಗೌಡರು. ರಾಜ್ಯ ಭಾಷಾ ಶಾಸನ 1963ರಲ್ಲಿ ಬಂದರೂ ಕಡತಗಳು ಇಂಗ್ಲಿಷಿನಲ್ಲೇ ಓಡಾಡುತ್ತಿದ್ದಾಗ ಅವರು ಸುಮ್ಮನಿರಲಿಲ್ಲ.

ಏಕೀಕರಣದ ವಿಷಯದಲ್ಲೂ ಅವರ ನಿಲುವು ಸ್ಪಷ್ಟ. ರಾಜ್ಯ ಪುನರ್ವಿಂಗಡಣಾ ಆಯೋಗದ ವರದಿ 1955ರಲ್ಲಿ ಬಂದಾಗ ಹಳೇ ಮೈಸೂರಿನ ಹಲವು ಪ್ರಭಾವಿ ನಾಯಕರು ಎರಡು ಕನ್ನಡ ರಾಜ್ಯಗಳಿರಲಿ ಎಂದರು. ಉತ್ತರದ ಜಿಲ್ಲೆಗಳು ಹೊರೆಯಾಗುತ್ತವೆ, ಜಾತಿ ಬಲಾಬಲ ಬದಲಾಗುತ್ತದೆ ಎಂಬ ಭಯ ಅದರ ಹಿಂದಿತ್ತು. ಅದೇ ಹಳೇ ಮೈಸೂರಿನಿಂದ, ಅದೇ ಒಕ್ಕಲಿಗ ಸಮುದಾಯದಿಂದ ಬಂದ ಗೋಪಾಲಗೌಡರು ಕನ್ನಡಿಗರೆಲ್ಲ ಒಂದೇ ರಾಜ್ಯದಲ್ಲಿರಬೇಕೆಂದು ವಾದಿಸಿದರು. 1956ರ ನವೆಂಬರ್ 1ರಂದು ರಾಜ್ಯ ಒಂದಾಯಿತಾದರೂ ಹೆಸರು ಮೈಸೂರು ಎಂದೇ ಉಳಿಯಿತು. ಧಾರವಾಡ, ಗುಲ್ಬರ್ಗ, ಮಂಗಳೂರಿನವರನ್ನು ಒಳಗೊಳ್ಳದ ಆ ಹೆಸರು ಹೋಗಿ ಕರ್ನಾಟಕ ಎಂದಾಗಬೇಕೆಂಬ ಬೇಡಿಕೆಗೆ ಸದನದಲ್ಲಿ ದನಿಯಾದವರಲ್ಲಿ ಅವರು ಮುಖ್ಯರು. ದೇವರಾಜ ಅರಸು ಮುಖ್ಯಮಂತ್ರಿಯಾಗಿದ್ದಾಗ 1973ರ ನವೆಂಬರ್ 1ರಂದು ಹೆಸರು ಬದಲಾಯಿತು. ಅದಕ್ಕೆ ಒಂದೂವರೆ ವರ್ಷ ಮೊದಲೇ ಅವರು ತೀರಿಕೊಂಡಿದ್ದರು.

ಉಳುವವನ ಭೂಮಿ: ಕಾನೂನು ಬಂದ ಬಗೆ

ಭೂಮಿಯ ಪ್ರಶ್ನೆಯಲ್ಲೂ ಗೆಲುವು ಬಂದದ್ದು ಅವರು ತೀರಿಕೊಂಡ ಮೇಲೆಯೇ. 1961ರ ಭೂಸುಧಾರಣಾ ಶಾಸನ ಜಾರಿಗೆ ಬಂದದ್ದು 1965ರಲ್ಲಿ. ಅದು ಗೇಣಿಗೆ ಮಿತಿ ಹಾಕಿತು, ಹಿಡುವಳಿಗೂ ಮಿತಿ ಹೇಳಿತು. ಆದರೆ ಸ್ವಂತ ಸಾಗುವಳಿಗೆಂದು ಭೂಮಾಲೀಕ ಜಮೀನನ್ನು ಮರಳಿ ಪಡೆಯಲು ಅವಕಾಶ ಬಿಟ್ಟಿತು. ಶಾಸನ ಅಂಗೀಕಾರವಾದಂದಿನಿಂದ ಜಾರಿಯಾಗುವವರೆಗಿನ ವರ್ಷಗಳಲ್ಲಿ ಜಮೀನು ಬಂಧುಗಳ ಹೆಸರಿಗೆ ಹಂಚಿಹೋಯಿತು. ಗೇಣಿದಾರನಲ್ಲಿ ಚೀಟಿಯೂ ಇಲ್ಲ, ಪಹಣಿಯಲ್ಲಿ ಹೆಸರೂ ಇಲ್ಲ. ತಾನು ಗೇಣಿದಾರನೆಂದು ಸಿವಿಲ್ ಕೋರ್ಟಿನಲ್ಲಿ ಸಾಬೀತು ಮಾಡುವುದು ಅವನಿಂದಾಗದ ಮಾತು. ರಕ್ಷಣೆಗೆ ಬಂದ ಕಾನೂನೇ ಒಕ್ಕಲೆಬ್ಬಿಸುವ ನೆಪವಾಗುತ್ತಿದೆ ಎಂಬುದು ಸಮಾಜವಾದಿಗಳ ಆಕ್ಷೇಪ.

1974ರ ಮಾರ್ಚ್ 1ರಿಂದ ಜಾರಿಗೆ ಬಂದ ತಿದ್ದುಪಡಿ ಈ ರಂಧ್ರಗಳನ್ನೇ ಮುಚ್ಚಿತು. ಗೇಣಿಗೆ ಕೊಟ್ಟ ಭೂಮಿಯೆಲ್ಲ ಆ ದಿನದಿಂದ ಸರ್ಕಾರದ ಸ್ವಾಧೀನ. ಮಾಲೀಕ ಮರಳಿ ಪಡೆಯುವ ಹಕ್ಕು ಹೋಯಿತು. ಗೇಣಿದಾರ ನಮೂನೆ 7ರಲ್ಲಿ ಅರ್ಜಿ ಹಾಕಿದರೆ ತಾಲ್ಲೂಕು ಮಟ್ಟದ ಭೂ ನ್ಯಾಯಮಂಡಳಿ ವಿಚಾರಣೆ ನಡೆಸುವುದು. ಅಲ್ಲಿ ವಕೀಲರಿಗೆ ಪ್ರವೇಶವಿಲ್ಲ. ಕಾಗದವಿಲ್ಲದವನ ಬಾಯಿಮಾತಿಗೂ ಊರವರ ಸಾಕ್ಷಿಗೂ ಬೆಲೆ ಬಂತು. ಕಾಗೋಡಿನ ಗದ್ದೆಗಳೂ ಉಳುವವರ ಹೆಸರಿಗೆ ಬಂದವು. ಇದರ ಶ್ರೇಯ ದೇವರಾಜ ಅರಸರಿಗೆ ಸಲ್ಲಬೇಕಾದ್ದೇ. ಶಾಸನ ಬರೆದು ಜಾರಿ ಮಾಡುವ ಎದೆಗಾರಿಕೆ ಅವರದು. ಆದರೆ ಹೀಗೊಂದು ಶಾಸನ ನ್ಯಾಯವೇ ಎಂದು ಕೇಳಲು 1974ರಲ್ಲಿ ಬಹಳ ಜನ ಉಳಿದಿರಲಿಲ್ಲ. 1951ರಲ್ಲಿ ಆ ಮಾತೆತ್ತಿದವರನ್ನು ಗದ್ದೆಯಿಂದಲೇ ಜೈಲಿಗೆ ಒಯ್ಯುತ್ತಿದ್ದರು. ಈ ಎರಡು ದಶಕಗಳ ಅಂತರವನ್ನು ತುಂಬಿದವರಲ್ಲಿ ಗೋಪಾಲಗೌಡರು ಮೊದಲಿಗರು.

ಕೊನೆಯ ವರ್ಷಗಳು

ಅನಾರೋಗ್ಯ ಅವರನ್ನು ಬಹಳ ಬೇಗ ಹಿಡಿಯಿತು. ಮೂರನೆಯ ಅವಧಿಯ ಹೊತ್ತಿಗೆ ಆಸ್ಪತ್ರೆ, ಶಾಸಕರ ಭವನಗಳ ನಡುವೆಯೇ ಅವರ ದಿನಗಳು ಕಳೆದವು. ಸ್ವಂತಕ್ಕೆಂದು ಕೂಡಿಟ್ಟದ್ದು ಇರಲಿಲ್ಲ. 1972ರ ಜೂನ್ 9ರಂದು ಬೆಂಗಳೂರಿನಲ್ಲಿ ತೀರಿಕೊಂಡಾಗ ಅವರಿಗೆ ನಲವತ್ತೊಂಬತ್ತು. ಅದೇ ವರ್ಷದ ಚುನಾವಣೆಯಲ್ಲಿ ತೀರ್ಥಹಳ್ಳಿಯಿಂದ ಕೋಣಂದೂರು ಲಿಂಗಪ್ಪ, ಸಾಗರದಿಂದ ಕಾಗೋಡು ತಿಮ್ಮಪ್ಪ ಸಮಾಜವಾದಿಗಳಾಗಿ ಗೆದ್ದಿದ್ದರು. ಸತ್ಯಾಗ್ರಹ ನಡೆದ ಹಳ್ಳಿಯ ದೀವರ ಮನೆಯ ಹುಡುಗ ಶಾಸಕನಾದದ್ದು ಆ ಚಳವಳಿಯ ದೊಡ್ಡ ಫಲಗಳಲ್ಲೊಂದು. ತಿಮ್ಮಪ್ಪನವರು ಮುಂದೆ ವಿಧಾನಸಭಾಧ್ಯಕ್ಷರೂ ಕಂದಾಯ ಮಂತ್ರಿಯೂ ಆದರು.

ಪರಂಪರೆ

ಗೋಪಾಲಗೌಡರ ಸುತ್ತ ಬೆಳೆದವರ ಸಾಲು ದೊಡ್ಡದು. 1967ರಲ್ಲಿ ಸೊರಬದಿಂದ ಸಮಾಜವಾದಿಯಾಗಿ ಗೆದ್ದ ಎಸ್. ಬಂಗಾರಪ್ಪ 1990ರಲ್ಲಿ ಮುಖ್ಯಮಂತ್ರಿಯಾದರು. ಅದೇ 1967ರಲ್ಲಿ ಶಿವಮೊಗ್ಗದಿಂದ ಲೋಕಸಭೆಗೆ ಹೋಗಿ ಅಲ್ಲಿ ಕನ್ನಡದಲ್ಲಿ ಮಾತನಾಡಿ ಹೆಸರಾದ ಜೆ.ಎಚ್. ಪಟೇಲರು 1996ರಲ್ಲಿ ಮುಖ್ಯಮಂತ್ರಿಯಾದರು. ಇವರಿಬ್ಬರ ಆಡಳಿತವನ್ನು ಅವರು ಹೊರಟುಬಂದ ಸಮಾಜವಾದದ ಅಳತೆಯಲ್ಲಿ ಅಳೆದರೆ ನಿರಾಸೆಯಾಗುತ್ತದೆಂದು ಹಳೆಯ ಸಂಗಾತಿಗಳೇ ಹೇಳಿದ್ದುಂಟು. ಹಿಂದುಳಿದ ಸಮುದಾಯದ ಹುಡುಗರು ವಿಧಾನಸೌಧದ ದಾರಿ ಹಿಡಿದದ್ದರಲ್ಲಿ ಆ ಪಾಠಶಾಲೆಯ ಪಾತ್ರವನ್ನು ಮಾತ್ರ ಯಾರೂ ಅಲ್ಲಗಳೆದಿಲ್ಲ. ಅಧಿಕಾರದ ಹೊರಗೇ ಉಳಿದ ಕವಲೂ ಇದೆ. ಎಂ.ಡಿ. ನಂಜುಂಡಸ್ವಾಮಿ, ಎನ್.ಡಿ. ಸುಂದರೇಶ್, ಕಡಿದಾಳು ಶಾಮಣ್ಣ ಮೊದಲಾದವರು ಸಮಾಜವಾದಿ ಯುವಜನ ಸಭಾದಿಂದ ಬಂದವರು. 1980ರಲ್ಲಿ ಹುಟ್ಟಿದ ಕರ್ನಾಟಕ ರಾಜ್ಯ ರೈತ ಸಂಘದ ಹಸಿರು ಶಾಲಿಗೆ ನೂಲು ಸಿಕ್ಕಿದ್ದು ಶಿವಮೊಗ್ಗ ಸೀಮೆಯ ಈ ಹಿನ್ನೆಲೆಯಿಂದಲೇ.

ಸಾಹಿತಿಗಳ ಮೇಲೆ ಅವರಷ್ಟು ಪ್ರಭಾವ ಬೀರಿದ ರಾಜಕಾರಣಿ ಕನ್ನಡದಲ್ಲಿ ವಿರಳ. ಗೋಪಾಲಕೃಷ್ಣ ಅಡಿಗ, ಯು.ಆರ್. ಅನಂತಮೂರ್ತಿ, ಪಿ. ಲಂಕೇಶ್, ಪೂರ್ಣಚಂದ್ರ ತೇಜಸ್ವಿ ಇವರೆಲ್ಲರಿಗೂ ಅವರ ಒಡನಾಟವಿತ್ತು, ಅಥವಾ ಅವರ ಚಿಂತನೆಯ ಸೋಂಕಿತ್ತು. ಅನಂತಮೂರ್ತಿಯವರ ‘ಅವಸ್ಥೆ’ (1978) ಕಾದಂಬರಿಯ ಕೃಷ್ಣಪ್ಪ ಗೌಡನಲ್ಲಿ ಓದುಗರು ಗೋಪಾಲಗೌಡರನ್ನೇ ಕಂಡರು. ಕೃಷ್ಣ ಮಾಸಡಿ ನಿರ್ದೇಶಿಸಿದ ಅದರ ಚಲನಚಿತ್ರದಲ್ಲಿ (1987) ಅನಂತನಾಗ್ ಆ ಪಾತ್ರ ಮಾಡಿದರು. ಕಾದಂಬರಿಯನ್ನು ಜೀವನಚರಿತ್ರೆಯೆಂದು ಓದುವುದು ತಪ್ಪು. ಹಾಸಿಗೆ ಹಿಡಿದು ತನ್ನ ಬದುಕನ್ನೇ ಶೋಧಿಸಿಕೊಳ್ಳುವ ಆ ನಾಯಕ ಅನಂತಮೂರ್ತಿಯವರ ಸ್ವಂತ ಸೃಷ್ಟಿ. ಆದರೂ ಪ್ರಾಮಾಣಿಕನಾದವನು ರಾಜಕಾರಣದಲ್ಲಿ ಎಷ್ಟು ಕಾಲ ಪ್ರಾಮಾಣಿಕನಾಗಿ ಉಳಿದಾನು ಎಂಬ ಪ್ರಶ್ನೆ ಆ ಕಾದಂಬರಿಗೆ ಬಂದದ್ದು ಇವರ ಬದುಕನ್ನು ಹತ್ತಿರದಿಂದ ನೋಡಿದ್ದರಿಂದ.

ಹೆಸರಿನ ಸ್ಮಾರಕಗಳಿಗೆ ಕೊರತೆಯಿಲ್ಲ. ಬೆಂಗಳೂರಿನಲ್ಲಿ ವಿಧಾನಸೌಧದ ಪಕ್ಕದಲ್ಲೇ ಗೋಪಾಲಗೌಡ ವೃತ್ತವಿದೆ. ಶಿವಮೊಗ್ಗದಲ್ಲಿ ಒಂದು ಬಡಾವಣೆ, ತೀರ್ಥಹಳ್ಳಿಯಲ್ಲಿ ರಂಗಮಂದಿರ, ಮೈಸೂರಿನಲ್ಲಿ ಆಸ್ಪತ್ರೆ ಅವರ ಹೆಸರಿನಲ್ಲಿವೆ. 2023ರಲ್ಲಿ ಜನ್ಮಶತಮಾನೋತ್ಸವ ನಡೆಯಿತು. ಅದಕ್ಕೆ ಮೂರು ವರ್ಷ ಮೊದಲು, 2020ರಲ್ಲಿ, ಕೃಷಿಕರಲ್ಲದವರು ಕೃಷಿಭೂಮಿ ಕೊಳ್ಳುವುದಕ್ಕಿದ್ದ ನಿರ್ಬಂಧಗಳನ್ನು ಭೂಸುಧಾರಣಾ ಕಾಯ್ದೆಯಿಂದ ತೆಗೆದುಹಾಕಲಾಗಿತ್ತು. ಅದರ ವಿರುದ್ಧ ಬೀದಿಗಿಳಿದ ರೈತ ಸಂಘಟನೆಗಳು ಕಾಗೋಡನ್ನು ನೆನೆದದ್ದು ಸಹಜ.

ಗೋಪಾಲಗೌಡರ ಮೊದಲ ಕ್ಷೇತ್ರದಲ್ಲಿ ಇನ್ನೊಂದು ಬಾಕಿಯಿದೆ. ಸಾಗರ, ಹೊಸನಗರ ತಾಲ್ಲೂಕುಗಳ ನೂರಾರು ಹಳ್ಳಿಗಳ ಜನ ಮೊದಲು ಮಡೆನೂರಿನ ಅಣೆಕಟ್ಟಿಗೆ, ಆಮೇಲೆ 1964ರಲ್ಲಿ ಮುಗಿದ ಲಿಂಗನಮಕ್ಕಿ ಜಲಾಶಯಕ್ಕೆ ಮನೆ, ಗದ್ದೆ, ತೋಟ ಬಿಟ್ಟುಕೊಟ್ಟು ಎದ್ದರು. ಮುಳುಗಡೆಯಾದವರಲ್ಲಿ ಹಲವರು ಗೇಣಿದಾರರು. ತಮ್ಮ ಹೆಸರಿನಲ್ಲಿ ಭೂಮಿಯಿಲ್ಲದ್ದರಿಂದ ಪರಿಹಾರವೂ ಸರಿಯಾಗಿ ಸಿಗಲಿಲ್ಲ. ಲಾರಿಗಳಲ್ಲಿ ತಂದಿಳಿಸಿದ ಕಡೆ ಕಾಡು ಕಡಿದು ಗದ್ದೆ ಮಾಡಿಕೊಂಡರು. ಆ ಜಾಗ ಕಂದಾಯದ್ದೋ ಅರಣ್ಯದ್ದೋ ಎಂಬುದು ಇಂದಿಗೂ ತೀರ್ಮಾನವಾಗಿಲ್ಲ. ಶರಾವತಿಯ ವಿದ್ಯುತ್ತಿನಿಂದ ಬೆಂಗಳೂರು ಬೆಳಗಿ ಅರವತ್ತು ವರ್ಷಗಳಾದರೂ ಅವರ ಮೊಮ್ಮಕ್ಕಳು ಹಕ್ಕುಪತ್ರಕ್ಕಾಗಿ ಶಿವಮೊಗ್ಗದ ಜಿಲ್ಲಾಧಿಕಾರಿ ಕಚೇರಿಗೆ ಮೆರವಣಿಗೆ ಬರುತ್ತಲೇ ಇದ್ದಾರೆ.